ಕಾಗದಾಸುರನ ಪಕ್ಷದ ಸರೋಜತ್ತೆ

ನನ್ನ ಸರೋಜತ್ತೆಗೆ ಶೂರರನ್ನು ಕಂಡರೆ ಆಗುತ್ತಿರಲಿಲ್ಲ. ಟಿವಿ ಗೇಮಿನಲ್ಲಿ ಕತ್ತಿ ಹಿಡಿದು ಕುಣಿಯುತ್ತಾ ಬರುವ ಹೀರೋನನ್ನು ಅವಳು, ಮಧ್ಯಾಹ್ನದ ಹೊತ್ತು ಬಾಗಿಲು ತಟ್ಟಿ ಸೋಪಿನ ಪುಡಿ ಮಾರುವವರನ್ನು ನೋಡುವ ಹಾಗೆ ನೋಡುತ್ತಿದ್ದಳು. "ಮೂರು ಜೀವ ಕೈಲಿಟ್ಕೊಂಡು ಬರೋನು ಶೂರನಂತೆ. ಒಂದೇ ಜೀವ ಇಟ್ಕೊಂಡು ತನ್ನ ಮನೇಲಿ ತಾನು ಕೂತಿರೋದು ರಾಕ್ಷಸ ಅಂತೆ. ಯಾವ ಸೀಮೆ ನ್ಯಾಯ ಮಾರಾಯ್ತಿ ಇದು?" ಎಂದು ನನ್ನನ್ನೇ ಕೇಳುತ್ತಿದ್ದಳು. ನಾನಿನ್ನೂ ಆರನೇ ಕ್ಲಾಸು. ನ್ಯಾಯದ ವಿಷಯದಲ್ಲಿ ನನ್ನ ಅನುಭವ ಕಡಿಮೆಯಿತ್ತು.

ಅತ್ತೆ ನನ್ನ ಅಪ್ಪನ ತಂಗಿ. ಮಾಮ ಭದ್ರಾವತಿಯ ಕಾಗದದ ಕಾರ್ಖಾನೆಯಲ್ಲಿ ಶಿಫ್ಟ್ ಕೆಲಸಕ್ಕಿದ್ದರು, ಮನೆ ಕಾಗದನಗರದ ಕ್ವಾರ್ಟರ್ಸ್. ನಾವು ಜನ್ನಾಪುರದಲ್ಲಿದ್ದೆವು. ತೊಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಮಗ ರವಿ ಏಳನೇ ಕ್ಲಾಸು ಪಾಸಾದನೆಂದು ಮಾಮ ಶಿವಮೊಗ್ಗದ ಗಾಂಧಿ ಬಜಾರಿನಿಂದ ಒಂದು ಟಿವಿ ಗೇಮ್ ತಂದಿದ್ದರು. ಜೊತೆಗೆ ಬಂದ ಕ್ಯಾಸೆಟ್ಟಿನ ಮೇಲೆ ಸಾವಿರಾರು ಆಟಗಳಿವೆ ಎಂದು ಬರೆದಿತ್ತು. ಅದೇ ನಾಲ್ಕಾರು ಆಟಗಳು ಬಣ್ಣ ಬದಲಾಯಿಸಿಕೊಂಡು ಮತ್ತೆ ಮತ್ತೆ ಬಂದು ಲೆಕ್ಕ ತುಂಬಿಸುತ್ತಿದ್ದವು. ಅವುಗಳಲ್ಲಿ ದೊಡ್ಡದೊಂದು ಆಟವಿತ್ತು. ಕೊನೆ ಮುಟ್ಟಲು ಇಡೀ ಮಧ್ಯಾಹ್ನ ಬೇಕು. ನಡುವೆ ಕರೆಂಟು ಹೋದರೆ ಮತ್ತೆ ಮೊದಲಿಂದ ಶುರು. ಜನ್ನಾಪುರದ ಕರೆಂಟು ಬೀಗರ ಹಾಗೆ, ಬಂದರೂ ಕಾಲೂರಿ ನಿಲ್ಲುತ್ತಿರಲಿಲ್ಲ. ಕ್ವಾರ್ಟರ್ಸಿನಲ್ಲಿ ಮಾತ್ರ ಅದು ಹೋಗುತ್ತಿದ್ದುದು ಅಪರೂಪ. ಹಾಗಾಗಿ ಶನಿವಾರ ಶಾಲೆ ಬಿಟ್ಟ ಕೂಡಲೇ ನನಗೆ ಅತ್ತೆಯ ಮೇಲೆ ಪ್ರೀತಿ ಉಕ್ಕಿ ಬರುತ್ತಿತ್ತು.

ಆ ಮನೆಯಲ್ಲಿ ಒಂದೇ ಕಾನೂನು. "ಸೌಂಡ್ ಬೇಡ, ಮಾಮ ಮಲಗಿದ್ದಾರೆ." ರಾತ್ರಿ ಪಾಳಿ ಮುಗಿಸಿದ ಮಾಮ ಹಗಲು ಮಲಗುತ್ತಿದ್ದುದು ನಿಜ. ಆದರೆ ಅತ್ತೆ ಆ ಮಾತನ್ನು ತನಗೆ ಬೇಡದ್ದನ್ನೆಲ್ಲ ನಿಲ್ಲಿಸಲು ಬಳಸುತ್ತಿದ್ದಳು. ಚೀಟಿ ಹಾಕಲು ಒತ್ತಾಯಿಸುವವರು ಬಂದರೂ ಮಾಮ ಮಲಗಿದ್ದಾರೆ. ನೆಂಟರ ಮನೆಯ ಜಗಳದ ಸುದ್ದಿ ಬಂದರೂ ಮಾಮ ಮಲಗಿದ್ದಾರೆ. ಒಮ್ಮೆಯಂತೂ ಮಾಮ ಎದುರಿಗೇ ಕೂತು ಕಾಫಿಗೆ ಅವಲಕ್ಕಿ ಹಾಕಿಕೊಂಡು ತಿನ್ನುತ್ತಿದ್ದರು. ಅವರೂ ಪಾಪ, ಮಲಗಿರುವವರ ಹಾಗೆ ಸುಮ್ಮನಿದ್ದರು.

ಆಟದ ಕೊನೆಯಲ್ಲಿ ಆ ರಾಕ್ಷಸ ಜೀವಿ ಇತ್ತು. ಮೂರು ತಲೆ, ಎರಡು ರೆಕ್ಕೆ, ಹಸಿರು ಹೊಟ್ಟೆ. ದೂರದಿಂದ ನೋಡಿದರೆ ರೆಕ್ಕೆ ಬಂದ ಹಲಸಿನಹಣ್ಣು. ಅದು ಯಾರು, ಎಲ್ಲಿಯದು, ಯಾಕೆ ಬೆಂಕಿ ಉಗುಳುತ್ತದೆ ಎಂಬುದನ್ನೆಲ್ಲ ಪರದೆಯ ಮೇಲೆ ವಿವರವಾಗಿ ಬರೆದಿದ್ದರು, ಜಪಾನಿ ಭಾಷೆಯಲ್ಲಿ. ಕಾಗದನಗರದಲ್ಲಿ ಕನ್ನಡ, ತಮಿಳು, ತೆಲುಗು, ಉರ್ದು ಎಲ್ಲವೂ ನಡೆಯುತ್ತಿತ್ತು. ಜಪಾನಿ ಇನ್ನೂ ಬಂದಿರಲಿಲ್ಲ. ಆ ಕೊರತೆಯನ್ನು ಅತ್ತೆ ತುಂಬಿದಳು.

"ಇದು ಕಾಗದಾಸುರ," ಎಂದಳು, ಮೊರದಲ್ಲಿ ಅಕ್ಕಿ ಆರಿಸುತ್ತಾ. "ಬಿದಿರು ಮೆಳೇಲಿ ಕೂತು ತಪಸ್ಸು ಮಾಡ್ತು. ದೇವ್ರು ಬಂದು ಏನ್ ವರ ಬೇಕು ಅಂದ. ಬೇರೆ ಅಸುರರೆಲ್ಲ ಮೂರು ಲೋಕ ಕೇಳ್ತಾರೆ. ಇದು ಪಾಪ, ನನ್ನ ಮನೆಯಿಂದ ನನ್ನ ಯಾರೂ ಎಬ್ಬಿಸ್ಬಾರ್ದು ಅಂತ ಕೇಳ್ತು. ತಥಾಸ್ತು ಅಂದ."

"ಮತ್ತೆ ಹೀರೋ ಯಾಕಮ್ಮ ಅಲ್ಲಿಗೆ ಹೋಗ್ತಾನೆ?" ರವಿ ಕೇಳಿದ.

"ಅವ್ನಿಗೆ ಬೇರೆ ಕೆಲ್ಸ ಇಲ್ಲ, ಅದಕ್ಕೆ."

ಇಷ್ಟೆಲ್ಲ ಪಕ್ಷಪಾತವಿದ್ದರೂ ಅದನ್ನು ಹೊಡೆಯುವ ಉಪಾಯ ಗೊತ್ತಿದ್ದುದೂ ಅವಳೊಬ್ಬಳಿಗೇ. ವರ ಕೊಡುವಾಗ ದೇವರು ಎಲ್ಲೋ ಒಂದು ತೂತು ಬಿಟ್ಟೇ ಇರುತ್ತಾನೆ, ಅದನ್ನು ಹುಡುಕಬೇಕು ಎಂಬುದು ಅವಳ ಯುದ್ಧನೀತಿ. ನಾವು ಗುಂಡಿ ಒತ್ತಿ ಒತ್ತಿ ಬೆರಳು ನೋಯಿಸಿಕೊಳ್ಳುವಾಗ ಅವಳು ಮೊರದ ಮೇಲಿಂದ ಸುಮ್ಮನೆ ನೋಡುತ್ತಿದ್ದಳು. ಮೂರು ಸಲ ಬೆಂಕಿ ಉಗುಳಿದ ಮೇಲೆ ಕಾಗದಾಸುರ ಕಣ್ಣು ಮುಚ್ಚುತ್ತಿತ್ತು. ಹಸಿರು ಹೊಟ್ಟೆ ಒಂದು ಕ್ಷಣ ಬಿಳಿಯಾಗುತ್ತಿತ್ತು. ಆಗ ಬಿದ್ದ ಏಟು ಮಾತ್ರ ಏಟು. ಅಲ್ಲಿಯವರೆಗೆ ಕಂಬದ ಹಿಂದೆ ನಿಂತಿರಬೇಕು. "ಬೈಯೋರು ಉಸಿರು ತಗೊಳ್ಳೇಬೇಕಲ್ಲ," ಎನ್ನುತ್ತಿದ್ದಳು. ಇದು ಅವಳಿಗೆ ಗೇಮಿನಲ್ಲಿ ಹೊಳೆದದ್ದೋ ಸಂಸಾರದಲ್ಲಿ ಹೊಳೆದದ್ದೋ ನನಗೆ ಗೊತ್ತಿಲ್ಲ.

ಶಿವಮೊಗ್ಗದಿಂದ ನಮ್ಮ ದೊಡ್ಡಪ್ಪನ ಮಗ ಮಂಜು ಬಂದಿದ್ದ ಒಂದು ಭಾನುವಾರ ನೆನಪಿದೆ. ಅಲ್ಲಿ ಬಸ್‌ಸ್ಟ್ಯಾಂಡಿನ ಹಿಂದಿನ ಗೇಮ್ ಅಂಗಡಿಯಲ್ಲಿ ತಾನು ಇಂಥ ರಾಕ್ಷಸರನ್ನು ದಿನಕ್ಕೊಂದು ಮುಗಿಸುವುದಾಗಿ ಹೇಳಿ, ತೋಳು ಮಡಚಿ, ನಮ್ಮನ್ನೆಲ್ಲ ಹಿಂದೆ ಸರಿಸಿ ಕೂತ. ಅತ್ತೆಯೇ ಕೊನೆಯ ಹಂತದವರೆಗೆ ಆಡಿ ಅವನ ಕೈಗೆ ಕೊಟ್ಟಳು. ಮಂಜು ಕತ್ತಿ ಬೀಸುತ್ತಾ ನೆಟ್ಟಗೆ ಒಳಗೆ ನುಗ್ಗಿದ. ಒಂದು ಜೀವ ಹೋಯಿತು. ಗುಂಡಿ ಸರಿಯಿಲ್ಲ ಎಂದ. ಇನ್ನೊಂದು ಹೋಯಿತು. ಟಿವಿ ಸಣ್ಣದು ಎಂದ. ಮೂರನೆಯದೂ ಹೋದಾಗ ಅತ್ತೆ, "ಬೇಗ ಬಂದ್ರಿ, ಬೇಗ ಹೊರಟ್ರಿ. ಕಾಫಿನಾದ್ರೂ ಕುಡ್ಕೊಂಡ್ ಹೋಗಪ್ಪ," ಎಂದಳು. ಅವನು ಕಾಫಿ ಕುಡಿಯಲಿಲ್ಲ.

ಎದುರು ಮನೆಯ ಸೆಲ್ವಿಯಕ್ಕ ಒಂದು ದಿನ ಅತ್ತೆಯ ನುಗ್ಗೆ ಮರದ ಎಲೆ ತಮ್ಮ ಅಂಗಳಕ್ಕೆ ಉದುರುತ್ತದೆಂದು ಜಗಳಕ್ಕೆ ಬಂದರು. ಅರ್ಧ ತಮಿಳು, ಅರ್ಧ ಕನ್ನಡ, ಪೂರ್ತಿ ಗಂಟಲು. ಅತ್ತೆ ಬಾಗಿಲಿನ ಚೌಕಟ್ಟಿಗೆ ಒರಗಿ ನಿಂತಳು. ಮೊದಲು ಎಲೆಯ ವಿಷಯ ಬಂತು, ಆಮೇಲೆ ರವಿಯ ಚೆಂಡಿನ ವಿಷಯ, ಆಮೇಲೆ ಎಂದೋ ಕೊಟ್ಟು ವಾಪಸ್ ಬರದ ತೆಂಗಿನಕಾಯಿ ತುರಿಯುವ ಮಣೆಯ ವಿಷಯ. ಸೆಲ್ವಿಯಕ್ಕ ಉಸಿರು ಎಳೆದುಕೊಂಡರು. ಅತ್ತೆ ಮೆಲ್ಲಗೆ, "ಸಾಂಬಾರ್ ಒಲೆ ಮೇಲಿದ್ಯಾ ಸೆಲ್ವಿ? ಸೀದ ವಾಸನೆ ಬರ್ತಿದೆ," ಎಂದಳು. ಸೆಲ್ವಿಯಕ್ಕ ಅಯ್ಯಯ್ಯೋ ಎನ್ನುತ್ತಾ ಓಡಿದರು. ರವಿ ನನ್ನ ಕಿವಿಯಲ್ಲಿ, "ಹೊಟ್ಟೆ ಬಿಳಿ ಆಯ್ತು," ಎಂದ. ನಾವಿಬ್ಬರೂ ಬಾಯಿ ಮುಚ್ಚಿಕೊಂಡು ನಕ್ಕೆವು, ಮಾಮ ನಿಜವಾಗಿಯೂ ಮಲಗಿದ್ದರು.

ಇಂಥ ಅತ್ತೆ ಕಾಗದಾಸುರನನ್ನು ಒಮ್ಮೆಯೂ ಪೂರ್ತಿ ಕೊಂದಿರಲಿಲ್ಲ. ಅದಿನ್ನೇನು ಸಾಯುತ್ತದೆ ಎನ್ನುವಾಗ ಮಾಮ ಏಳುವ ಹೊತ್ತಾಗುತ್ತಿತ್ತು, ಹಾಲು ಕಾಯಿಸಬೇಕು, ಒಣಗಿದ ಬಟ್ಟೆ ತೆಗೆಯಬೇಕು. ರವಿಗೂ ನನಗೂ ಜೀವನದಲ್ಲಿ ಬೇಕಾಗಿದ್ದುದು ಒಂದೇ, ಅದು ಸತ್ತ ಮೇಲೆ ಏನಾಗುತ್ತದೆಂದು ನೋಡುವುದು. ನಮ್ಮಿಂದ ಅಲ್ಲಿಯವರೆಗೆ ಹೋಗಲಾಗುತ್ತಿರಲಿಲ್ಲ. ಕಾಡಿ ಕಾಡಿ ಕೊನೆಗೆ ಅವಳಿಂದ ಮಾತು ತೆಗೆದುಕೊಂಡೆವು. "ಆಯ್ತು ಮಾರಾಯ. ಮನೆ ಬಿಡೋ ದಿನ ಕೊಂದು ತೋರಿಸ್ತೀನಿ, ಸಾಕಾ?" ಎಂದಳು.

ಆ ದಿನ ಇಷ್ಟು ಬೇಗ ಬರುತ್ತದೆಂದು ಅವಳೂ ಎಣಿಸಿರಲಿಲ್ಲವೇನೋ. ಮಾಮ ರಿಟೈರ್ ಆದರು. ರಿಟೈರ್ ಆದವರು ಕ್ವಾರ್ಟರ್ಸ್ ಬಿಡಬೇಕು, ಅದರಲ್ಲಿ ಯಾರ ತಪ್ಪೂ ಇಲ್ಲ. ಮದುವೆಯಾಗಿ ಬಂದ ದಿನದಿಂದ ಅತ್ತೆ ಇದ್ದದ್ದು ಅದೊಂದೇ ಮನೆಯಲ್ಲಿ. ರವಿ ಹುಟ್ಟಿದ್ದು ಅಲ್ಲಿ. ಕರಿಬೇವು, ನುಗ್ಗೆ, ದಾಸವಾಳ ಎಲ್ಲ ಅವಳೇ ನೆಟ್ಟದ್ದು. ಆ ಮನೆ ಬರೆಸಿಕೊಂಡ ಹೊಸ ಇಂಜಿನಿಯರ್ ಮತ್ತು ಅವರ ಹೆಂಡತಿ ಒಂದು ಸಂಜೆ ನೋಡಲು ಬಂದರು. ಆಕೆ ಅಡುಗೆಮನೆಯಲ್ಲಿ ನಿಂತು, ತುಂಬ ಕತ್ತಲೆ, ಈ ಕಲ್ಲಿನ ಶೆಲ್ಫ್ ತೆಗೆಸಬೇಕು, ಹೊರಗಿನ ಗಿಡಗಳನ್ನೂ ಕಡಿಸಬೇಕು ಎಂದರು. ಅತ್ತೆಯ ಮಾತಿಗಾಗಿ ರವಿಯೂ ನಾನೂ ಕಾದೆವು. ಆಕೆ ಎಷ್ಟೋ ಸಲ ಉಸಿರು ತೆಗೆದುಕೊಂಡರು. ಅತ್ತೆ, "ನೋಡ್ಕೊಂಡ್ ಹೋಗಮ್ಮ," ಎಂದಷ್ಟೇ ಹೇಳಿ ಹಿತ್ತಲಿಗೆ ಹೋದಳು. ನನಗೆ ಆ ಹೆಂಗಸಿನ ಮೇಲೆ ಬಂದ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ.

ಮನೆ ಬಿಡುವ ದಿನ ಬೆಳಿಗ್ಗೆಯೇ ಲಾರಿ ಬಂತು. ಬೀರು, ಮಂಚ, ಒರಳುಕಲ್ಲು ಎಲ್ಲ ಲಾರಿ ಏರಿತು. ಖಾಲಿ ಹಾಲಿನಲ್ಲಿ ಟಿವಿಯೊಂದು ನೆಲದ ಮೇಲೆ ಉಳಿಯಿತು. ಅತ್ತೆ ಸುತ್ತಿದ ಹಾಸಿಗೆಯ ಮೇಲೆ ಕೂತು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಆಟ ಶುರು ಮಾಡಿದಳು. ಮಧ್ಯಾಹ್ನವಿಡೀ ಮಾಮ ಗೇಟಿನ ಹತ್ತಿರ ಲಾರಿಯವನನ್ನು ಸಮಾಧಾನ ಮಾಡುತ್ತಿದ್ದರು. ಹೊಸಬರು ಬೀಗದ ಕೈಗಾಗಿ ಕಾಯುತ್ತಾ ಸ್ಕೂಟರಿನ ಮೇಲೆ ಕೂತಿದ್ದರು. ಅತ್ತೆ ಕಂಬದ ಹಿಂದೆ ನಿಂತಳು, ಕಾದಳು, ಹೊಡೆದಳು. ಅಂದು ಅವಳ ಕೈ ಒಮ್ಮೆಯೂ ತಪ್ಪಲಿಲ್ಲ. ಕಾಗದಾಸುರನ ಜೀವದ ಪಟ್ಟಿ ಸವೆದು ಸವೆದು ಒಂದು ಗೆರೆಯಾಯಿತು.

ಆಗ ಬಾಗಿಲಲ್ಲಿ ತಂಗರಾಜು ಬಂದು ನಿಂತ. ಕ್ವಾರ್ಟರ್ಸಿನ ಎಲೆಕ್ಟ್ರಿಷಿಯನ್, ಮನೆ ಖಾಲಿಯಾದಾಗ ಫ್ಯೂಸ್ ತೆಗೆದುಕೊಂಡು ಹೋಗುವುದು ಅವನ ಕೆಲಸ. "ಅಕ್ಕಾ, ಫ್ಯೂಸ್ ತೆಗೀಲಾ? ಲಾರಿಯೋನು ಕೂಗ್ತಾವ್ನೆ."

"ಇರಣ್ಣ, ಒಂದೇ ಏಟು, ಒಂದೇ ಏಟು," ಎಂದ ರವಿ.

ಕಾಗದಾಸುರ ಮೂರು ಸಲ ಬೆಂಕಿ ಉಗುಳಿತು, ಕಣ್ಣು ಮುಚ್ಚಿತು, ಹೊಟ್ಟೆ ಬಿಳಿಯಾಯಿತು. ಅತ್ತೆಯ ಹೆಬ್ಬೆರಳು ಗುಂಡಿಯ ಮೇಲೇ ಇತ್ತು. ಒತ್ತಲಿಲ್ಲ. ಹೊಟ್ಟೆ ಮತ್ತೆ ಹಸಿರಾಯಿತು. ಮತ್ತೆ ಬೆಂಕಿ, ಮತ್ತೆ ಬಿಳಿ. ಅವಳು ಒಮ್ಮೆ ಗೋಡೆಯ ಮೇಲೆ ಕ್ಯಾಲೆಂಡರ್ ಇದ್ದ ಜಾಗ ನೋಡಿದಳು, ಒಮ್ಮೆ ಅಡುಗೆಮನೆಯ ಶೆಲ್ಫ್ ನೋಡಿದಳು.

"ತೆಗಿ ತಂಗರಾಜು," ಎಂದಳು.

ಪರದೆ ಒಂದು ಚುಕ್ಕಿಯಾಗಿ ಆರಿಹೋಯಿತು. ರವಿ ಅಷ್ಟು ದೊಡ್ಡ ಹುಡುಗ, ಗೋಳೋ ಎಂದು ಅತ್ತ. ನನಗೂ ಅಳು ಬಂತು. ಅತ್ತೆ ಗೇಮಿನ ವೈರನ್ನು ನಿಧಾನವಾಗಿ ಸುತ್ತಿ ಚೀಲಕ್ಕೆ ಹಾಕಿಕೊಂಡಳು. "ಒಂದೇ ದಿನ ಇಬ್ರನ್ನ ಮನೆ ಬಿಡ್ಸೋದು ಬೇಡ ಕಣೋ," ಎಂದು ಎದ್ದಳು.

ಜನ್ನಾಪುರದ ಬಾಡಿಗೆ ಮನೆಯಲ್ಲಿ ಅವಳು ಆ ಚೀಲ ಬಿಚ್ಚಲಿಲ್ಲ. ಅಲ್ಲಿಯೂ ಕರಿಬೇವು ನೆಟ್ಟಳು, ಅಲ್ಲಿಯ ನೆರೆಯವರನ್ನೂ ಬಾಗಿಲಿಗೆ ಒರಗಿಕೊಂಡೇ ಗೆದ್ದಳು. ಅವಳು ತೀರಿಕೊಂಡು ಕೆಲವು ವರ್ಷಗಳಾದವು. ಅವಳ ಕಾರ್ಯದ ದಿನ ಊಟ ಮುಗಿದು ನೆಂಟರೆಲ್ಲ ಹೊರಟ ಮೇಲೆ ರವಿ ನನ್ನ ಪಕ್ಕ ಬಂದು ಕೂತ. ಅವನ ಫೋನಿನಲ್ಲಿ ಆ ಆಟ ಸಿಕ್ಕಿತ್ತು; ಯಾರೋ ಕೊನೆಯವರೆಗೂ ಆಡಿ ವಿಡಿಯೊ ಹಾಕಿದ್ದರು. ಕಾಗದಾಸುರ ಹಸಿರು ಹೊಟ್ಟೆ ಇಟ್ಟುಕೊಂಡು ತನ್ನ ಜಾಗದಲ್ಲಿ ಕೂತಿತ್ತು. ಒತ್ತಿದರೆ ಮುಂದಿನದೆಲ್ಲ ಕಾಣುತ್ತಿತ್ತು.

"ನೋಡೋಣ," ಎಂದೆ.

ರವಿ ಫೋನನ್ನು ಜೇಬಿಗೆ ಹಾಕಿಕೊಂಡ. "ಬೇಡ ಕಣೆ. ಅಪ್ಪ ಮಲಗಿದ್ದಾರೆ," ಎಂದ.

ಮಾಮ ಎದುರಿನ ಕುರ್ಚಿಯಲ್ಲಿ ಕಣ್ಣು ಬಿಟ್ಟುಕೊಂಡು ಕೂತಿದ್ದರು.