ಗಿರಣಿ ಭಾಗ್ಯಮ್ಮನವರ ಅಧ್ಯಕ್ಷಗಿರಿ

ಮೊನ್ನೆ ಚಾಮರಾಜಪೇಟೆಯಲ್ಲಿ ಹಲ್ಲಿನ ಡಾಕ್ಟರನ್ನು ಕಂಡು ವಾಪಸು ಬರುತ್ತಿದ್ದೆ. ಅಡ್ಡರಸ್ತೆಯ ತಿರುವಿನಲ್ಲಿ ಯಾವುದೋ ಗಿರಣಿಯಿಂದ ಆಗಷ್ಟೇ ಬೀಸಿದ ರಾಗಿಹಿಟ್ಟಿನ ಬಿಸಿ ವಾಸನೆ ಮೂಗಿಗೆ ಬಡಿಯಿತು. ನಿಮಗೆ ಆ ವಾಸನೆ ಗೊತ್ತಿದ್ದರೆ ನಾನು ಯಾಕೆ ನಿಂತೆ ಎಂದು ವಿವರಿಸಬೇಕಿಲ್ಲ. ಗೊತ್ತಿಲ್ಲದಿದ್ದರೆ ನೀವೂ ಈಗ ನನ್ನ ಹಾಗೆ ಪ್ಯಾಕೆಟ್ ಹಿಟ್ಟು ತಿನ್ನುವವರೇ ಇರಬೇಕು. ನನಗಂತೂ ಆ ವಾಸನೆಯ ಜೊತೆಗೇ ಒಂದು ಗಂಟಲು ನೆನಪಾಗುತ್ತದೆ, ಭಾಗ್ಯಮ್ಮನವರ ಗಂಟಲು.

ಅಲ್ಲೇ ಹತ್ತಿರದ ಒಂದು ಸರ್ಕಾರಿ ಕನ್ನಡ ಪ್ರಾಥಮಿಕ ಶಾಲೆಯಲ್ಲಿ ನಾನು ಮುಖ್ಯೋಪಾಧ್ಯಾಯಿನಿಯಾಗಿದ್ದೆ. ಕಲ್ಲಿನ ಕಟ್ಟಡ, ಹೆಂಚಿನ ಮಾಡು, ಎದುರಿಗೆ ಒಂದಿಷ್ಟು ಮೈದಾನ. ಇಂಥ ಶಾಲೆಗಳಿಗೆ ಎಸ್‌ಡಿಎಂಸಿ ಎಂಬ ಸಮಿತಿ ಇರುತ್ತದೆ. ಮಕ್ಕಳ ತಂದೆತಾಯಿಗಳೇ ಸದಸ್ಯರು, ಅವರಲ್ಲೊಬ್ಬರು ಅಧ್ಯಕ್ಷರು, ಮುಖ್ಯೋಪಾಧ್ಯಾಯರು ಕಾರ್ಯದರ್ಶಿ. ಕೆಲವು ಊರುಗಳಲ್ಲಿ ಈ ಅಧ್ಯಕ್ಷಗಿರಿಗೆ ಬಡಿದಾಟವೇ ಆಗುತ್ತದಂತೆ. ನಮ್ಮಲ್ಲಿ ಉಲ್ಟಾ. ಆಯ್ಕೆಯ ಸಭೆ ಎಂದರೆ ಅಪ್ಪಂದಿರಿಗೆಲ್ಲ ಅವತ್ತೇ ಡ್ಯೂಟಿ. ಬಂದವರು ನೆಲ ನೋಡುತ್ತಾ ಕೂರುತ್ತಿದ್ದರು. ಆ ವರ್ಷ ಎಲ್ಲರೂ ಒಬ್ಬೊಬ್ಬರಾಗಿ ಒಲ್ಲೆನೆಂದ ಮೇಲೆ ಭಾಗ್ಯಮ್ಮ ಬಂದರು. ಸೆರಗಿನ ಮೇಲೆಲ್ಲ ಹಿಟ್ಟು, ಹುಬ್ಬೂ ಬಿಳಿ. ಕನಕಪುರದ ಕಡೆಯವರು; ಶಾಲೆಯ ಹಿಂದಿನ ರಸ್ತೆಯಲ್ಲಿ ಹಿಟ್ಟಿನ ಗಿರಣಿ ನಡೆಸುತ್ತಿದ್ದರು. ಮಗಳು ಕಾವ್ಯ ನಮ್ಮಲ್ಲಿ ಐದನೆಯ ತರಗತಿಯಲ್ಲಿದ್ದಳು.

"ಏನ್ ಮೇಡಂ, ಎಲ್ಲಾ ಮುಗೀತಾ?"

"ಮುಗೀತು ಭಾಗ್ಯಮ್ಮ. ನೀವೇ ಅಧ್ಯಕ್ಷರು."

"ಅಯ್ಯೋ! ಸ್ವಲ್ಪ ಲೇಟಾಗಿದ್ದಕ್ಕೆ ಇಂಥಾ ಶಿಕ್ಷೇನಾ?"

ಎಲ್ಲರೂ ನಕ್ಕು ಚಪ್ಪಾಳೆ ತಟ್ಟಿದರು. ಆಯ್ಕೆ ಸರ್ವಾನುಮತದಿಂದ ಆಯಿತೆಂದು ನಾನು ಬರೆದುಕೊಂಡೆ.

ದಿನವಿಡೀ ಮೆಷಿನ್ನಿನ ಸದ್ದನ್ನು ಮೀರಿಸಿ ಮಾತಾಡಿ ಮಾತಾಡಿ ಅವರಿಗೆ ಮೆಲ್ಲಗೆ ಮಾತಾಡುವುದೇ ಮರೆತುಹೋಗಿತ್ತು. ನಾನೋ ಬಸವನಗುಡಿಯ ಗುಮಾಸ್ತರ ಮನೆಯಲ್ಲಿ ಬೆಳೆದವಳು. ನಮ್ಮ ಮನೆಯಲ್ಲಿ ಜಗಳವೂ ಪಿಸುಮಾತಿನಲ್ಲೇ ನಡೆಯುತ್ತಿತ್ತು. ಭಾಗ್ಯಮ್ಮ ಬಂದ ಮೇಲೆ ಸಮಿತಿಯ ಸಭೆ ಇಡೀ ಬೀದಿಯ ಸಭೆಯಾಯಿತು. ಎದುರು ಮನೆಯ ಅಜ್ಜಿ ಮರುದಿನ ನನ್ನನ್ನು ತಡೆದು, "ಹುಡುಗೀರ ಟಾಯ್ಲೆಟ್ ಬಾಗಿಲು ಈ ವಾರ ಆಗತ್ತೇನಮ್ಮ?" ಎಂದು ಕೇಳುತ್ತಿದ್ದರು. ಸಮುದಾಯದ ಸಹಭಾಗಿತ್ವ ಎಂದು ತರಬೇತಿಗಳಲ್ಲಿ ಬಹಳ ಕೇಳಿದ್ದೆ. ಅದು ಕಿಟಕಿಯಿಂದ ಹೀಗೆ ಬರಬಹುದೆಂದು ಯಾರೂ ಹೇಳಿರಲಿಲ್ಲ.

ಶಾಲೆಯ ಪಕ್ಕದಲ್ಲೇ ಒಂದು ಕಲ್ಯಾಣಮಂಟಪವಿತ್ತು. ಅದರ ಮಾಲೀಕರನ್ನು ಬೀದಿಯವರೆಲ್ಲ ಯಜಮಾನರು ಎನ್ನುತ್ತಿದ್ದರು. ನಮ್ಮ ತರಗತಿಗಳಿಗೆ ಫ್ಯಾನ್ ಹಾಕಿಸಿದವರು ಅವರೇ. ಮದುವೆಯಿದ್ದ ದಿನ ಮಕ್ಕಳಿಗೆ ಲಾಡು ಕಳಿಸುತ್ತಿದ್ದರು. ಬದಲಿಗೆ ಅವರು ಬಾಯಿಬಿಟ್ಟು ಏನನ್ನೂ ಕೇಳಿದವರಲ್ಲ. ಮುಹೂರ್ತದ ದಿನ ನಮ್ಮ ಗೇಟು ತೆರೆದಿರುತ್ತಿತ್ತು, ಮೈದಾನದ ತುಂಬ ಕಾರುಗಳು ನಿಂತಿರುತ್ತಿದ್ದವು, ಅಷ್ಟೆ. ಅವತ್ತು ಆಟದ ಪಿರಿಯಡ್ಡಿನಲ್ಲಿ ಮಕ್ಕಳಿಂದ ಮಗ್ಗಿ ಹೇಳಿಸುತ್ತಿದ್ದೆವು. ಈ ಪದ್ಧತಿ ನನಗಿಂತ ಮೊದಲೂ ಇತ್ತು, ನನ್ನ ನಂತರವೂ ಇರುತ್ತದೆ ಎಂದುಕೊಂಡಿದ್ದೆ.

ಕಾರ್ತಿಕದ ಒಂದು ಮುಹೂರ್ತದ ದಿನ, ನೀರು ಕುಡಿಯಲು ಹೊರಗೆ ಬಂದ ಮೂರನೆಯ ತರಗತಿಯ ನಂದಿನಿಯ ಪಾದದ ಮೇಲೆ ಹಿಂದಕ್ಕೆ ಬರುತ್ತಿದ್ದ ಕಾರಿನ ಚಕ್ರ ಹತ್ತಿತು. ಬೆರಳುಗಳು ಮುರಿದವು. ಕಿರುಚಾಟ ಕೇಳಿ ಗಿರಣಿ ನಿಲ್ಲಿಸಿ ಓಡಿಬಂದ ಭಾಗ್ಯಮ್ಮ ಅವಳನ್ನು ಎತ್ತಿಕೊಂಡು ಆಟೋ ಹತ್ತಿದರು. ಪಕ್ಕದಲ್ಲಿ ವಾಲಗ ನಡೆದೇ ಇತ್ತು.

ಮರುದಿನ ಸಭೆ ಕರೆದೆವು. ಹಿಂದೆಂದೂ ಬಾರದ ಅಪ್ಪಂದಿರೂ ಬಂದಿದ್ದರು. ಕರೆಯದಿದ್ದರೂ ಯಜಮಾನರು ಹಣ್ಣಿನ ಬುಟ್ಟಿ ಹಿಡಿದು ಬಂದರು.

"ಮಗು ಖರ್ಚೆಲ್ಲಾ ನಂದು. ಇನ್ಮೇಲೆ ಒಬ್ಬ ವಾಚ್‌ಮನ್ ಹಾಕ್ತೀನಿ. ಇದನ್ನ ದೊಡ್ಡದು ಮಾಡೋದ್ ಬೇಡ ಮೇಡಂ," ಎಂದು ನನ್ನ ಕಡೆ ನೋಡಿದರು. ನಾನು ಭಾಗ್ಯಮ್ಮನ ಕಡೆ ನೋಡಿದೆ.

"ಅಣ್ಣಾ, ನಿಮ್ ಮೇಲೆ ನಮ್ಗೆ ಗೌರವ ಇದೆ," ಎಂದರು ಭಾಗ್ಯಮ್ಮ. "ಆದ್ರೆ ಇನ್ಮೇಲೆ ಗೇಟ್ ತೆಗಿಯಲ್ಲ."

"ನಾನ್ ಹಾಕ್ಸಿದ್ ಫ್ಯಾನ್ ಕೆಳಗೇ ಕೂತ್ಕೊಂಡು ಈ ಮಾತಾಡ್ತಿದೀಯಲ್ಲಮ್ಮ?"

"ಹಂಗಾದ್ರೆ ಬಿಚ್ಕೊಂಡ್ ಹೋಗಿ ಅಣ್ಣಾ. ಮಕ್ಳು ಹೊರಗಡೆ ಗಾಳೀಲಿ ಆಡ್ಕೋತಾರೆ."

ಅವತ್ತು ಮಾತ್ರ ಅವರ ದನಿ ಮೆಲ್ಲಗಿತ್ತು. ಎದುರು ಮನೆಯ ಅಜ್ಜಿಗೂ ಕೇಳಿಸಿರಲಿಕ್ಕಿಲ್ಲ. ಎಲ್ಲ ಸದಸ್ಯರೂ ಕೈ ಎತ್ತಿದರು. ನಾನು ಠರಾವು ಬರೆದು ಸಹಿ ಹಾಕಿದೆ.

ಯಜಮಾನರು ಫ್ಯಾನುಗಳನ್ನು ನಿಜಕ್ಕೂ ಬಿಚ್ಚಿಸಿಕೊಂಡು ಹೋದರು. ಮುಂದಿನ ಮುಹೂರ್ತಗಳಲ್ಲಿ ಆಟೋ ಓಡಿಸುವ ಅಪ್ಪಂದಿರು ಸರದಿಯ ಮೇಲೆ ಗೇಟಿಗೆ ಅಡ್ಡಲಾಗಿ ಆಟೋ ನಿಲ್ಲಿಸಿ, ಒಳಗೆ ಕೂತು ಪೇಪರ್ ಓದಿದರು. ಕಾರುಗಳು ಬಂದವು, ಹಾರ್ನ್ ಹೊಡೆದವು, ಹೋದವು. ನಮ್ಮ ಹುಡುಗಿಯರು ಮದುವೆಯ ವಾಲಗಕ್ಕೆ ಕುಂಟಾಬಿಲ್ಲೆ ಆಡಿದರು. ಸಂಗತಿ ಇಷ್ಟು ಸಲೀಸೇ ಎಂದು ನನಗೆ ಆಶ್ಚರ್ಯ.

ಸಲೀಸಾಗಿರಲಿಲ್ಲ. ಗಿರಣಿಯಿದ್ದ ಮಳಿಗೆಯೂ ಅದೇ ಯಜಮಾನರದ್ದಾಗಿತ್ತು. ಖಾಲಿ ಮಾಡಲು ಹೇಳಿದ್ದಾರೆಂದು ಕಾವ್ಯಳ ಬಾಯಿಂದ ಕೇಳಿ ಗಿರಣಿಗೆ ಹೋದೆ.

"ಹೀಗಾಗತ್ತೆ ಅಂತ ನಿಮ್ಗೆ ಮೊದಲೇ ಗೊತ್ತಿತ್ತಾ?"

"ಗೊತ್ತಿಲ್ದೆ ಏನ್ ಮೇಡಂ?"

"ಮತ್ತೆ ಅವತ್ತು ಸಭೇಲಿ ಯಾಕ್ ಹೇಳ್ಲಿಲ್ಲ?"

"ಹೇಳಿದ್ರೆ ನೀವ್ಯಾರೂ ಕೈ ಎತ್ತುತ್ತಿರ್ಲಿಲ್ಲ." ಮೆಷಿನ್ನಿನ ಬೆಲ್ಟಿನ ಮೇಲಿನ ಧೂಳು ಒರೆಸಿದರು. "ಭಯ ಆಗ್ತಿದೆ ಮೇಡಂ. ನಮ್ಮನೆಯವ್ರು ಮಾತೇ ಬಿಟ್ಬಿಟ್ಟಿದಾರೆ."

ನಾವು ನಾಲ್ಕೈದು ಜನ ಯಜಮಾನರ ಮನೆಗೆ ಹೋದೆವು. ಕಾಫಿ ಕೊಟ್ಟರು, ಮಕ್ಕಳ ಓದಿನ ಬಗ್ಗೆ ವಿಚಾರಿಸಿದರು, ಮಳಿಗೆಯ ಮಾತಿಗೆ ಮಾತ್ರ ಕೈ ಮುಗಿದರು. ಸಂಕ್ರಾಂತಿಯ ಹೊತ್ತಿಗೆ ಗಿರಣಿ ಕಾಟನ್‌ಪೇಟೆಯ ಒಂದು ಸಂದಿಗೆ ಹೋಯಿತು. ಸುತ್ತ ಬರೀ ಸಗಟು ಅಂಗಡಿಗಳು. ರಾಗಿ ತರುವ ಮನೆಗಳಿಲ್ಲ. ಒಂದು ವರ್ಷ ತುಂಬ ಕಷ್ಟವಾಯಿತು. ಆಮೇಲೆ ಹೋಟೆಲುಗಳಿಗೆ ಖಾರದಪುಡಿ ಬೀಸಿಕೊಡುವ ಕೆಲಸ ಹಿಡಿದು ಚೇತರಿಸಿಕೊಂಡರು. ಗಂಡ ಮತ್ತೆ ಮಾತಾಡತೊಡಗಿದರಂತೆ. ಅಷ್ಟೆಲ್ಲದರ ನಡುವೆಯೂ ಭಾಗ್ಯಮ್ಮ ಒಂದೇ ಒಂದು ಸಭೆ ತಪ್ಪಿಸಲಿಲ್ಲ. ನಂದಿನಿಯ ಕಾಲು ಸರಿಹೋಯಿತು. ಇಲಾಖೆಯಿಂದ ಫ್ಯಾನುಗಳೂ ಬಂದವು, ಇಲಾಖೆಯ ವೇಗದಲ್ಲಿ.

ಕಾವ್ಯ ಏಳನೆಯ ತರಗತಿ ಪಾಸಾದಳು. ಮಗು ಶಾಲೆ ಬಿಟ್ಟರೆ ಪೋಷಕರ ಸದಸ್ಯತ್ವವೂ ಮುಗಿಯುತ್ತದೆ, ಅದು ನಿಯಮ. ಬೀಳ್ಕೊಡುಗೆಯ ದಿನ ನಾನು ಸಂಕೋಚದಿಂದಲೇ ಅದನ್ನು ಹೇಳಿದೆ. "ಅಧ್ಯಕ್ಷಗಿರಿಗೋಸ್ಕರ ಇನ್ನೊಂದ್ ಮಗು ಹೆರು ಅಂತೀರಾ ಮೇಡಂ?" ಎಂದು ಬೀದಿಗೆಲ್ಲ ಕೇಳುವಂತೆ ನಕ್ಕು ಹೊರಟರು. ಆಮೇಲೆ ನಾನೂ ನಿವೃತ್ತಳಾದೆ. ಮತ್ತೆ ಭೇಟಿಯಾಗಲಿಲ್ಲ.

ಇದೆಲ್ಲ ನೆನಪಾಗಿ, ಮೊನ್ನೆ ಬಸ್‌ಸ್ಟಾಪಿನ ಕಡೆ ಹೊರಟವಳು ಶಾಲೆಯ ರಸ್ತೆಗೆ ತಿರುಗಿದೆ. ಮೈದಾನದಲ್ಲಿ ನನಗೆ ಪರಿಚಯವಿಲ್ಲದ ಮಕ್ಕಳು ಕೂಗಾಡಿಕೊಂಡು ಓಡುತ್ತಿದ್ದರು. ಈಗಿನ ಮುಖ್ಯೋಪಾಧ್ಯಾಯಿನಿ ನನ್ನ ಹಳೆಯ ಸಹೋದ್ಯೋಗಿ. ಸಮಿತಿಗೆ ಸಲಹೆ ಕೊಡಲು ಬನ್ನಿ ಎಂದು ಅವಳು ಜೂನ್‌ನಿಂದ ಕರೆಯುತ್ತಲೇ ಇದ್ದಾಳೆ. ನಾನು ಪ್ರತಿಸಲ ಮಂಡಿನೋವು ಹೇಳುತ್ತಿದ್ದೆ. ಅಲ್ಲೇ ಕಾಂಪೌಂಡಿನ ನೆರಳಲ್ಲಿ ನಿಂತು ಫೋನ್ ಮಾಡಿದೆ.

"ಮುಂದಿನ ಸಭೆ ಯಾವತ್ತಮ್ಮ?"

"ಶನಿವಾರ ಮೇಡಂ. ಬರ್ತೀರಾ? ಮಂಡಿನೋವು ಹೋಯ್ತಾ?"

"ಇದೆ. ಮಕ್ಕಳ ಬೆಂಚಲ್ಲಿ ಕೂರೋಕಾಗಲ್ಲ. ನನಗೊಂದು ಕುರ್ಚಿ ಹಾಕ್ಸಿಟ್ಟಿರು."