ಅಪ್ಪ ಕೊಟ್ಟ ಒಣದ್ರಾಕ್ಷಿ

ನಾನು ಚಿಕ್ಕವನಿದ್ದಾಗ ತಿಕೋಟಾದ ನಮ್ಮ ದ್ರಾಕ್ಷಿ ತೋಟದಲ್ಲಿ ಪ್ರತಿ ಬಳ್ಳಿಗೂ ಎರಡು ಅಂಕಿಯ ವಿಳಾಸವಿತ್ತು. ಮೊದಲು ಸಾಲು, ಆಮೇಲೆ ಗಿಡ. ಅಪ್ಪ ಗುಡಿಸಲ ಮುಂದೆ ನಿಂತು "ಐದು-ಎರಡು" ಎಂದು ಕೂಗಿದರೆ, ನಾನು ನೇರ ಐದನೆಯ ಸಾಲಿನವರೆಗೆ ಓಡಿ, ಅಲ್ಲಿ ಬಲಕ್ಕೆ ತಿರುಗಿ ಎರಡನೆಯ ಬಳ್ಳಿಯ ಬುಡದಲ್ಲಿ ನಿಲ್ಲುತ್ತಿದ್ದೆ. ಈ ಎಣಿಕೆ ನನ್ನ ಕಾಲಿಗೇ ರೂಢಿಯಾಗಿಬಿಟ್ಟಿತ್ತು.

ಎಂಟನೆಯ ತರಗತಿಯಲ್ಲಿದ್ದಾಗ ನಮ್ಮ ಶಾಲೆಯಿಂದ ನನ್ನೊಬ್ಬನನ್ನೇ ವಿಜಯಪುರದ ಗಣಿತ ಸ್ಪರ್ಧೆಗೆ ಆರಿಸಿದರು. ಅಪ್ಪ ಓದಿದ್ದು ಮೂರನೆಯ ತರಗತಿಯವರೆಗೆ ಮಾತ್ರ. ಆದರೆ ಸಂತೆಯಲ್ಲಿ ಸಿಕ್ಕಸಿಕ್ಕವರಿಗೆಲ್ಲ "ನಮ್ಮ ಹುಡುಗ ಬಿಜಾಪುರಕ್ಕ ಲೆಕ್ಕ ಮಾಡಾಕ ಹೊಂಟಾನ್ರಿ" ಎಂದು ಸಾರಿಬಿಟ್ಟಿದ್ದ. ಆ ದಿನ ಮಡಿ ರುಮಾಲು ಸುತ್ತಿ, ಕಿಸೆ ತುಂಬ ಒಣದ್ರಾಕ್ಷಿ ಹಾಕಿಕೊಂಡು ಬಸ್ಸು ಹತ್ತಿದ. ಗೋಳಗುಮ್ಮಟದಲ್ಲಿ ಕೂಗಬೇಕೆಂದು ಅಕ್ಕನೂ ಬೆನ್ನು ಹತ್ತಿದಳು. ನಾನು ಸೋತರೆ ಅಪ್ಪ ಸಂತೆಯಲ್ಲಿ ಹೇಗೆ ತಲೆ ಎತ್ತಿ ತಿರುಗಬೇಕು ಎಂಬುದೊಂದೇ ದಾರಿಯುದ್ದಕ್ಕೂ ನನ್ನ ಚಿಂತೆ.

ಸ್ಪರ್ಧೆ ನಡೆದದ್ದು ಸ್ಟೇಷನ್ ರಸ್ತೆಯ ಹತ್ತಿರದ ಒಂದು ಶಾಲೆಯಲ್ಲಿ. ಬೆಳಿಗ್ಗೆ ತಾಲೀಮು, ಊಟದ ನಂತರ ನಿಜವಾದ ಪರೀಕ್ಷೆ. ತಾಲೀಮಿನ ಹಾಳೆಯ ಮೇಲೆ ಚೌಕುಳಿ ಗ್ರಾಫ್, ಅದರಲ್ಲಿ ಐದು ಚುಕ್ಕೆಸಾಲುಗಳು, ಪಕ್ಕದಲ್ಲಿ ಐದು ಸಮೀಕರಣಗಳು. ಯಾವ ಚುಕ್ಕೆಸಾಲು ಯಾವ ಸಮೀಕರಣದ್ದು ಎಂದು ಜೋಡಿಸಬೇಕಿತ್ತು. 'ವೈ ಎಂದರೆ ಎಕ್ಸ್‌ನ ಎರಡರಷ್ಟು' ಎಂದಿದ್ದರೆ, ಚುಕ್ಕೆಯ ಎರಡನೆಯ ಅಂಕಿ ಮೊದಲನೆಯದರ ಎರಡು ಪಟ್ಟು ಇರಬೇಕು. ಇಷ್ಟೇ ತಾನೆ! ನಾನು ಪಟಪಟ ಎಣಿಸಿದೆ. ಐದಕ್ಕೆ ಐದೂ ಚೆಂದಾಗಿ ಹೊಂದಿಕೊಂಡವು. ಎಲ್ಲರಿಗಿಂತ ಮೊದಲು ಹಾಳೆ ಕೊಟ್ಟು ಎದೆ ಉಬ್ಬಿಸಿ ಕುಳಿತೆ.

ಹಾಳೆ ಮರಳಿ ಬಂದಾಗ ಐದರಲ್ಲಿ ಒಂದೇ ಸರಿ! ಹಿಂದಿನ ಬೆಂಚಿನ ಹುಡುಗರು ಕಿಸಕ್ಕನೆ ನಕ್ಕರು.

ಮಧ್ಯಾಹ್ನ ಶಾಲೆಯ ಪಡಸಾಲೆಯಲ್ಲಿ ಬುತ್ತಿ ಬಿಚ್ಚಿದೆವು. ಸಜ್ಜೆ ರೊಟ್ಟಿ, ಘಮ್ಮೆನ್ನುವ ಶೇಂಗಾ ಚಟ್ನಿ, ಮೇಲೆ ಮೊಸರು. ನಾನು ರೊಟ್ಟಿ ಬದಿಗಿಟ್ಟು ಹಾಳೆಯನ್ನು ಅಕ್ಕನ ಕೈಗೆ ಕೊಟ್ಟೆ. ಅವಳು ತಿರುಗಿಸಿ ಮುರುಗಿಸಿ ನೋಡಿದಳು.

"ಎಕ್ಸ್ ಎಷ್ಟೋ ವೈ ಅಷ್ಟ ಅನ್ನೂದು ಒಂದ ಸರಿ ಆಗೇತಿ. ಉಳಿದಿದ್ದು ಯಾಕ ತಪ್ಪಿದ್ವೋ ಏನೋ!"

"ಆ ಕಾಗದ ನನಗ ತಿಳಿಯೂದಿಲ್ಲ. ನೆಲದ ಮ್ಯಾಲ ತೋರ್ಸು," ಎಂದ ಅಪ್ಪ, ಕಿಸೆಯಿಂದ ಒಂದು ಹಿಡಿ ಒಣದ್ರಾಕ್ಷಿ ತೆಗೆದುಕೊಟ್ಟ.

ಪಡಸಾಲೆಗೆ ಚೌಕಾಕಾರದ ಫರಸಿಕಲ್ಲು ಹಾಸಿದ್ದರು. ಅವೇ ನನ್ನ ಗ್ರಾಫಿನ ಮನೆಗಳಾದವು; ಹಾಳೆಯಲ್ಲಿ ತಪ್ಪಿದ ಒಂದು ಚುಕ್ಕೆಸಾಲನ್ನು ಅವುಗಳ ಮೇಲೆ ಇಡತೊಡಗಿದೆ. ತಣ್ಣನೆಯ ಕಲ್ಲಿನ ಮೇಲೆ ಮೊಣಕಾಲೂರಿ "ಎರಡು-ಒಂದು" ಎಂದು ಎರಡು ಕಲ್ಲು ಮೇಲೆ ಹೋಗಿ, ಒಂದು ಕಲ್ಲು ಬಲಕ್ಕೆ ಸರಿದು ದ್ರಾಕ್ಷಿ ಇಟ್ಟೆ. ಆಮೇಲೆ "ನಾಕು-ಎರಡು" ಎಂದೆ. ಅಪ್ಪ ನನ್ನ ಕೈ ಹಿಡಿದು ನಿಲ್ಲಿಸಿದ. ಗೊಳ್ಳೆಂದು ನಕ್ಕ.

"ಇಂಥಾದ್ದು ನಾನೂ ಮಾಡೇನಿ. ಮನ್ಯಾಗ ಯಾರಿಗೂ ಹೇಳಿಲ್ಲ. ಬಬಲೇಶ್ವರದ ಬೀಗರು ತಮ್ಮ ತ್ವಾಟದಾಗ ರೋಗ ಬಿದ್ದ ಬಳ್ಳಿ ಕೀಳಾಕ ಕರ್ದಿದ್ರು. ನಂಬರ್ ಬರ್ದು ಕೊಟ್ಟಿದ್ರು. ಕಿತ್ತಿದ್ದೆಲ್ಲಾ ಛಲೋ ಬಳ್ಳಿ! ಮೂರು-ಮೂರು ಅನ್ನೂದೊಂದ ಸರಿ ಇತ್ತು. ಅವರ ಕಡೆ ಗಿಡ ಮೊದಲ ಎಣಸ್ತಾರ, ಸಾಲು ಆಮ್ಯಾಲ. ನಾ ನಮ್ಮ ಎಣಿಕಿ ಹಿಡ್ದು ಹೋಗಿದ್ದೆ."

ಅಕ್ಕ ಚಪ್ಪಾಳೆ ತಟ್ಟಿದಳು. "ಹೌದಲ್ಲೋ! ಗ್ರಾಫ್‌ನ್ಯಾಗೂ ಮೊದಲ ಅಡ್ಡ, ಆಮ್ಯಾಲ ಮ್ಯಾಲ!"

ನನಗೆ ತಲೆಯೊಳಗೆ ದೀಪ ಹತ್ತಿದಂತಾಯಿತು. ನಾನು 'ಎರಡು-ಒಂದು' ಎಂದದ್ದು ನಿಜಕ್ಕೂ 'ಒಂದು-ಎರಡು'. ನಮ್ಮ ಗಣಿತದ ಸರ್ ಶಾಲೆಯಲ್ಲಿ ಸರಿಯಾಗಿಯೇ ಕಲಿಸಿದ್ದರು. ಆದರೆ ಅವಸರದಲ್ಲಿ ನಾನು ಗ್ರಾಫನ್ನೂ ನಮ್ಮ ತೋಟ ಮಾಡಿಬಿಟ್ಟಿದ್ದೆ.

"ಅದು ತಿಕೋಟಾ ಅಲ್ಲಲೇ," ಎಂದು ಅಪ್ಪ ಬೆನ್ನು ಚಪ್ಪರಿಸಿದ. "ಬಬಲೇಶ್ವರ ಅಂತ ತಿಳ್ಕೊಂಡು ಎಣಸು."

ಮಧ್ಯಾಹ್ನದ ಹಾಳೆಯಲ್ಲಿ ಹತ್ತು ಸಮೀಕರಣಗಳಿದ್ದವು. ಪ್ರತಿ ಚುಕ್ಕೆಗೂ ಮನಸ್ಸಿನಲ್ಲೇ 'ಬಬಲೇಶ್ವರ' ಎಂದುಕೊಂಡು, ಮೊದಲು ಅಡ್ಡ ನಡೆದು ಆಮೇಲೆ ಮೇಲೆ ಹತ್ತಿದೆ. ಈ ಸಲ ಎಲ್ಲರಿಗಿಂತ ಕೊನೆಗೆ ಹಾಳೆ ಕೊಟ್ಟೆ. ಹತ್ತಕ್ಕೆ ಹತ್ತೂ ಸರಿಯಿದ್ದದ್ದು ನನ್ನದೊಂದೇ. ನನ್ನ ಹೆಸರಿನ ಜೊತೆ ಊರಿನ ಹೆಸರನ್ನೂ ಕೂಗಿದಾಗ, ಬಾಗಿಲಲ್ಲಿ ನಿಂತಿದ್ದ ಅಪ್ಪ "ನಮ್ಮ ಹುಡುಗ ರೀ!" ಎಂದು ಕೂಗಿಯೇಬಿಟ್ಟ. ಅಷ್ಟು ದೊಡ್ಡ ಸಭೆ ತಿರುಗಿ ನೋಡಿತು.

ನನಗೆ ಮಾತ್ರ ಅಪ್ಪನ ಮೇಲೇ ಹೆಮ್ಮೆ. ವರ್ಷಗಟ್ಟಲೆ ಮುಚ್ಚಿಟ್ಟ ತನ್ನ ತಪ್ಪನ್ನು ನನಗಾಗಿ ನೆಲದ ಮೇಲೆ ಬಿಚ್ಚಿಟ್ಟಿದ್ದ. ಮುಂದಿನ ಸಂತೆಯಲ್ಲಿ ನನ್ನ ಗೆಲುವಿನ ಜೊತೆಗೆ ಬಬಲೇಶ್ವರದ ಆ ಕಥೆಯನ್ನೂ ತಾನೇ ಹೇಳಿ ನಕ್ಕ.

ಮಕ್ಕಳೇ, ಈಗ ನೀವು ಫೋನಿನಲ್ಲಿ ಸಮೀಕರಣ ಒತ್ತಿದರೆ ಸಾಕು, ಗೆರೆ ತಾನೇ ಮೂಡುತ್ತದೆ. ನೋಡಿ ನನಗೂ ಖುಷಿಯೇ. ಆದರೆ ಮೊನ್ನೆ ಶಾಲೆಯ ಸೂಟಿಯಲ್ಲಿ "ಐದು-ಎರಡರ ಬಳ್ಳಿಯಿಂದ ಒಂದು ಗೊಂಚಲು ತರ್ರಿ" ಎಂದು ಕಳಿಸಿದರೆ, ಐದು ಗಿಡ ಅಡ್ಡ ಹೋಗಿ ಎರಡನೆಯ ಸಾಲಿನಲ್ಲಿ ನಿಂತು "ಅಜ್ಜಾ, ಇಲ್ಲಿ ಹಣ್ಣೇ ಇಲ್ಲ!" ಎಂದು ಕೂಗಿದಿರಲ್ಲ? ನನಗೆ ಸಿಟ್ಟು ಬರಲಿಲ್ಲ. ನಿಮ್ಮನ್ನು ಹತ್ತಿರ ಕರೆದು, ನೆಲಕ್ಕೆ ಕುಳಿತು, ಕಿಸೆಯಿಂದ ಒಂದು ಹಿಡಿ ಒಣದ್ರಾಕ್ಷಿ ತೆಗೆದೆ.