ಖಾಲಿ ಚಪ್ಪರದಲ್ಲಿ ಶೀನಣ್ಣ

ಕರೆಂಟು ಹೋಗಬಹುದು. ಪ್ರೊಜೆಕ್ಟರ್ ಕೈಕೊಡಬಹುದು. ಪೆನ್‌ಡ್ರೈವ್ ಓಪನ್ ಆಗದೆ ಇರಬಹುದು. ಓಪನ್ ಆದರೂ ತುಟಿ ಒಂದು ಕಡೆ, ಮಾತು ಇನ್ನೊಂದು ಕಡೆ ಹೋಗಬಹುದು. ಚಿತ್ರದ ಕೊನೆಗೆ ಬರುವ ಪಟ್ಟಿಯಲ್ಲಿ ಯಾರದ್ದಾದರೂ ಹೆಸರು ಬಿಟ್ಟುಹೋಗಿ ಸಭೆಯಲ್ಲೇ ಜಗಳ ಆಗಬಹುದು. ಎಲ್ಲಕ್ಕಿಂತ ಮೇಲಾಗಿ, ಸೀತಕ್ಕ ಎದ್ದು ನಿಂತು, "ನಮ್ಮವರ ಮುಖ ಎಲ್ಲಿ ಮಾರಾಯ?" ಎಂದು ಕೇಳಬಹುದು. ಪುತ್ತೂರಿನಿಂದ ಸುಳ್ಯದವರೆಗೆ ಬಸ್ಸಿನಲ್ಲಿ ಕೂತು ನಾನು ಮಾಡಿದ ಕೆಲಸ ಹೀಗೆ ಹೆದರುವುದೊಂದೇ.

ಈಗ ಹೇಳಲಿರುವಂಥ ಅನುಭವಗಳನ್ನು ನಾನು ನಂಬಿದವನಲ್ಲ. ಹೇಗೆ ನಂಬುವುದು? ಮದುವೆ ವಿಡಿಯೋ ಎಡಿಟ್ ಮಾಡುತ್ತ ಟೀವಿ ಧಾರಾವಾಹಿಗೆ ಹೋದವ. ದೆವ್ವದ ಕಂತುಗಳಲ್ಲಿ ಬಾಗಿಲು ಕಿರ್ರೆನ್ನುವ ಸದ್ದು ಹಾಕುತ್ತಿದ್ದುದೇ ನಾನು.

ಆವತ್ತಿನದ್ದು ಅರ್ಧ ಗಂಟೆಯ ಸಾಕ್ಷ್ಯಚಿತ್ರ, ಮದುವೆ ಮನೆಗಳಿಗೆ ಚಪ್ಪರ ಹಾಕುವವರ ಬಗ್ಗೆ. ಸೀತಕ್ಕನ ಗಂಡ, ಆಲೆಟ್ಟಿಯ ಶೀನಣ್ಣ, ಅದರಲ್ಲಿ ಮೇಸ್ತ್ರಿ. ಶೂಟಿಂಗ್ ಮುಗಿದು ಸ್ವಲ್ಪ ಸಮಯಕ್ಕೆ ತೀರಿಕೊಂಡರು. ಅಷ್ಟರಲ್ಲಿ ಅವರ ಮುಖ ಕಾಣುವ ಒಂದೇ ಒಂದು ಶಾಟನ್ನು ನಾನು ತೆಗೆದುಹಾಕಿಯಾಗಿತ್ತು. ಅದರಲ್ಲಿ ಅವರು ಸೌಂಡಿನವನ ಹೆಡ್‌ಫೋನ್ ತಲೆಗೆ ಸಿಕ್ಕಿಸಿಕೊಂಡು, ಕ್ಯಾಮೆರಾವನ್ನೇ ನೋಡಿ ನಕ್ಕುಬಿಟ್ಟಿದ್ದರು. ಕ್ಯಾಮೆರಾ ನೋಡಿದವರನ್ನು ಇಟ್ಟುಕೊಳ್ಳಬಾರದು ಎಂಬುದು ನಮ್ಮ ಕಸುಬಿನ ಮಡಿ. ಉಳಿದ ಕಡೆ ಅವರ ಬೆನ್ನು, ಹಗ್ಗ ಬಿಗಿಯುವ ಕೈ, ಅಷ್ಟೆ. ಮುಂದಿನ ಧಾರಾವಾಹಿಗೆ ಜಾಗ ಬೇಕೆಂದು ಹಾರ್ಡ್‌ಡಿಸ್ಕನ್ನೂ ಖಾಲಿ ಮಾಡಿದೆ. ಮನೆಯಲ್ಲಿ ಅವರದ್ದೊಂದು ನೆಟ್ಟಗಿನ ಫೋಟೋ ಕೂಡ ಇಲ್ಲ ಎಂದು ಗೊತ್ತಾದದ್ದು ಆಮೇಲೆ.

ಸೀತಕ್ಕ ಮೂರು ಸಲ ಫೋನ್ ಮಾಡಿದ್ದರು. "ಅವರ ಮುಖ ಉಂಟಲ್ಲ?" ಮೂರು ಸಲವೂ "ಉಂಟು ಅಕ್ಕ" ಎಂದಿದ್ದೆ.

ಮಧ್ಯಾಹ್ನ ಮೂರು ಗಂಟೆಗೆ ಸುಳ್ಯದ ಒಂದು ಸಣ್ಣ ಸಭಾಭವನದಲ್ಲಿ ಪ್ರದರ್ಶನ ಶುರುವಾಯಿತು. ನಾನು ಸೀತಕ್ಕನ ಓರೆಗೆ, ಒಂದು ಸಾಲು ಹಿಂದೆ ಕೂತೆ. ಪರದೆಗಿಂತ ಹೆಚ್ಚು ನೋಡಿದ್ದು ಅವರನ್ನೇ. ಒಂದು ಕಡೆ ಅವರು ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕರು. ಗಾಬರಿಯಲ್ಲಿ ಪರದೆ ನೋಡಿದೆ. ಅಲ್ಲಿದ್ದದ್ದು ಖಾಲಿ ಚಪ್ಪರ.

ಮುಗಿದ ಮೇಲೆ ಕಳ್ಳನ ಹಾಗೆ ಜಾರುತ್ತಿದ್ದವನನ್ನು ಅವರೇ ಹಿಡಿದರು. "ಎಂತ ಮಾರಾಯ ಅವರ ವೇಷ! ಕಿವಿಗೆ ಆ ಕಪ್ಪು ಬಟ್ಟಲು ಎಂತದು? ಮನೆಗೆ ಬಂದು ಒಂದು ಮಾತು ಹೇಳ್ಲಿಲ್ಲ ನೋಡು. ನನ್ನನ್ನೇ ನೋಡಿ ನಗಾಡುದು ಬೇರೆ!"

"ಯಾವಾಗ ಬಂತು ಅಕ್ಕ ಅದು?"

"ಮಾಡಿದವ ನೀನು, ನನ್ನತ್ರ ಕೇಳುದಾ? ಆ ಖಾಲಿ ಚಪ್ಪರ ತೋರಿಸ್ತದಲ್ಲ, ಆಗ."

ಅವರ ಮುಖದ ಶಾಟ್ ಕತ್ತರಿಸಿದ್ದು ಅಲ್ಲಿಂದಲೇ. ತೂತು ಮುಚ್ಚಲು ಖಾಲಿ ಚಪ್ಪರ ಹಾಕಿದ್ದೆ. ಅದು ನನ್ನೊಬ್ಬನಿಗೆ ಮಾತ್ರ ಗೊತ್ತಿತ್ತು.

ಒಳಗೆ ಓಡಿ, ಅದೇ ಪೆನ್‌ಡ್ರೈವನ್ನು ಲ್ಯಾಪ್‌ಟಾಪಿಗೆ ಹಾಕಿ, ಒಂದೊಂದೇ ಫ್ರೇಮ್ ಸರಿಸಿ ನೋಡಿದೆ. ಚಪ್ಪರದ ತೆಂಗಿನ ಮಡಲು ಗಾಳಿಗೆ ಅಲ್ಲಾಡುತ್ತದೆ. ಬೇರೇನೂ ಇಲ್ಲ. ಹೆಡ್‌ಫೋನಿನ ಸಂಗತಿ ಶೀನಣ್ಣ ಮನೆಯಲ್ಲಿ ಹೇಳಿದ್ದು ಸೀತಕ್ಕನಿಗೆ ಮರೆತಿರಬಹುದು ಎಂದು ಈಗಲೂ ಸಮಾಧಾನ ಹೇಳಿಕೊಳ್ಳುತ್ತೇನೆ. ಹೇಳಿಯೇ ಇರಲಿ. ಸಿನಿಮಾದಲ್ಲಿ ಅದು ಎಲ್ಲಿತ್ತು ಎಂದು ಶೀನಣ್ಣನಿಗೆ ಹೇಗೆ ಗೊತ್ತು?

ಹೊರಗೆ ಬಂದಾಗ ಸೀತಕ್ಕ ಇನ್ನೂ ಆಟೋ ಕಾಯುತ್ತಿದ್ದರು. "ನನ್ನ ತಮ್ಮ ಹೆದರಿಸಿದ್ದ, ಕೆಲಸದವರ ಮುಖ ಎಲ್ಲ ಎಡಿಟಿಂಗಿನವರು ಕತ್ತರಿಸಿ ಬಿಸಾಡ್ತಾರೆ ಅಂತ. ನೀನು ಇಟ್ಟಿಯಲ್ಲ. ನಿನಗೆ ಒಳ್ಳೇದಾಗ್ಲಿ."

ಹೆದರಿದ್ದು ಯಾವುದೂ ಆಗಲಿಲ್ಲ. ಆಟೋ ಬರಲು ತಡ ಇತ್ತು, ನಿಜ ಹೇಳುವಷ್ಟು ಸಮಯ ಇತ್ತು. ನಾನು ಮಾತ್ರ, "ನಿಮಗೋಸ್ಕರವೇ ಇಟ್ಟದ್ದು ಅಕ್ಕ" ಎಂದುಬಿಟ್ಟೆ.